ನಿಪಾ ಬಂತು ಅಂದ ಮೊದಲ ದಿನಗಳು: ಭಯ ಎಲ್ಲಿಂದ ಶುರುವಾಗುತ್ತೆ, ಸುಳ್ಳು ಸುದ್ದಿ ಹೇಗೆ ಹುಟ್ಟುತ್ತೆ

2018ರ ಮೇ ಕೊನೆ ವಾರ. ಪಕ್ಕದ ಕೇರಳದಲ್ಲಿ ನಿಪಾ ಅನ್ನೋ ವೈರಸ್ ಕಾಯಿಲೆ ಕಾಣಿಸ್ಕೊಂಡಿತ್ತು. ಪುತ್ತೂರಿನ ಹತ್ರ ಇರೋ ನಮ್ಮತ್ತೆ ಹಿತ್ತಲಿನ ಮಾವಿನಹಣ್ಣನ್ನ ಒಂದು ಬುಟ್ಟಿ ಪೂರ್ತಿ ಗುಂಡಿ ತೋಡಿ ಹೂತುಬಿಟ್ರು, ಅದರಲ್ಲಿ ಗಾಯ ಆಗಿದ್ದು ನಾಲ್ಕೋ ಐದೋ ಹಣ್ಣು ಅಷ್ಟೇ, ಉಳಿದಿದ್ದೆಲ್ಲ ಚೆನ್ನಾಗೇ ಇತ್ತು. ಫ್ಯಾಮಿಲಿ ಗ್ರೂಪಲ್ಲಿ ಹಣ್ಣು ತಿಂದ್ರೆ ನಿಪಾ ಬರುತ್ತೆ ಅಂತ ಬಂದಿತ್ತು. ಮರುದಿನ ಕೋಳಿ ತಿನ್ಬೇಡಿ ಅಂತ ಬಂತು. ಅಷ್ಟರಲ್ಲಿ ಮಂಗಳೂರಿನ ಇಬ್ಬರಿಗೆ ನಿಪಾ ಅಂತ ಇನ್ನೊಂದು. ಅವರಿಬ್ಬರೂ ಬರೀ ಶಂಕಿತರಾಗಿದ್ರು, ರಿಪೋರ್ಟ್ ನೆಗೆಟಿವ್ ಬಂತು, ಆದ್ರೆ ನೆಗೆಟಿವ್ ಅನ್ನೋ ಸುದ್ದಿನ ನಮ್ಮ ಗ್ರೂಪಲ್ಲಿ ಯಾರೂ ಹಾಕ್ಲಿಲ್ಲ.

ಆವತ್ತಿಂದ ಕೇರಳದಲ್ಲಿ ನಿಪಾ ಮತ್ತೆ ಮತ್ತೆ ಕಾಣಿಸ್ಕೊಂಡಿದೆ, 2019, 2021, 2023, 2024, 2025. 2024ರ ಸೆಪ್ಟೆಂಬರ್‌ನಲ್ಲಿ ಮಲಪ್ಪುರಂನಲ್ಲಿ ತೀರಿಕೊಂಡ ಹುಡುಗ ಬೆಂಗಳೂರಲ್ಲಿ ಓದ್ತಾ ಇದ್ದ, ಹಾಗಾಗಿ ಅವನ ಜೊತೆ ಒಡನಾಡಿದೋರನ್ನ ಬೆಂಗಳೂರಲ್ಲೂ ಹುಡುಕಿ ನಿಗಾ ಇಡ್ಬೇಕಾಯ್ತು. ಅಂದ್ರೆ ಇದು ನಮ್ಮ ಪಕ್ಕದ ವಿಷಯ. ಪ್ರತಿ ಸಲ ಮೊದಲ ಹತ್ತು ದಿನ ನಡೆಯೋದು ಹೆಚ್ಚೂ ಕಮ್ಮಿ ಒಂದೇ ಥರ, ಆ ಹತ್ತು ದಿನದಲ್ಲಿ ಒಳಗೊಳಗೆ ಏನಾಗ್ತಿರುತ್ತೆ ಅಂತ ಗೊತ್ತಿದ್ರೆ ಫೋನಿಗೆ ಬರೋ ಮೆಸೇಜನ್ನ ಓದೋ ರೀತಿನೇ ಬೇರೆ ಆಗುತ್ತೆ, ಅದಕ್ಕೇ ಇದನ್ನ ಬುಡದಿಂದ ಬರೀತಿದೀನಿ.

ನಿಪಾ ಅಂದ್ರೆ ಏನು

ಇದೊಂದು ವೈರಸ್. ಇದರ ಮನೆ ಬಾವಲಿ, ಅದರಲ್ಲೂ ಹಣ್ಣು ತಿನ್ನೋ ದೊಡ್ಡ ಬಾವಲಿ. ಆಲದ ಮರದಲ್ಲೋ ಅರಳಿ ಮರದಲ್ಲೋ ತಲೆಕೆಳಗಾಗಿ ನೂರಾರು ನೇತಾಡ್ತಿರ್ತಾವಲ್ಲ, ಅವೇ. ಬಾವಲಿಗೆ ಈ ವೈರಸ್ಸಿಂದ ಹೇಳಿಕೊಳ್ಳೋ ತೊಂದರೆ ಏನಿಲ್ಲ. ಅದರ ಜೊಲ್ಲು, ಮೂತ್ರ ಬಿದ್ದ ಹಣ್ಣಿಂದ, ಬಾಂಗ್ಲಾದೇಶದಲ್ಲಾದ್ರೆ ಖರ್ಜೂರದ ಮರದಿಂದ ಇಳಿಸೋ ಹಸಿ ರಸದಿಂದ, ಅಪರೂಪಕ್ಕೆ ಮನುಷ್ಯನಿಗೆ ದಾಟುತ್ತೆ. ದಾಟಿದ ಮೇಲೆ ಜ್ವರ, ತಲೆನೋವು, ವಾಂತಿ, ಕೆಲವರಿಗೆ ಉಸಿರಾಟದ ತೊಂದರೆ, ಮೆದುಳಿಗೆ ಊತ ಬಂದು ಪ್ರಜ್ಞೆ ತಪ್ಪೋದು. ರೋಗಿಯ ಜೊಲ್ಲು, ರಕ್ತ, ಕೆಮ್ಮಿದಾಗ ಸಿಡಿಯೋ ಹನಿ ಇದರಿಂದ ಹತ್ರ ಇರೋರಿಗೆ ಅಂಟುತ್ತೆ. ಲಸಿಕೆ ಇನ್ನೂ ಬಂದಿಲ್ಲ. ಇದಕ್ಕೇ ಅಂತ ಖಚಿತವಾದ ಔಷಧಿಯೂ ಇಲ್ಲ, ರೋಗಿಯ ಉಸಿರಾಟ, ಫಿಟ್ಸು, ಬಿಪಿ ಎಲ್ಲ ನೋಡ್ಕೊಂಡು ಬದುಕಿಸ್ಕೊಳ್ಳೋದೇ ಚಿಕಿತ್ಸೆ.

ಮೊದಲ ದಿನ ಯಾರಿಗೂ ಯಾಕೆ ಪೂರ್ತಿ ಗೊತ್ತಿರಲ್ಲ

2018ರ ಮೇ 5ಕ್ಕೆ ಕೋಝಿಕ್ಕೋಡ್ ಜಿಲ್ಲೆಯ ಪೇರಾಂಬ್ರದ ಹತ್ರದ ಒಬ್ಬ ಯುವಕ ತೀರಿಕೊಂಡ. ಅದು ನಿಪಾ ಅಂತ ಯಾರೂ ಅಂದುಕೊಳ್ಳಲಿಲ್ಲ, ಅಂದುಕೊಳ್ಳೋಕೆ ಕಾರಣವೂ ಇರಲಿಲ್ಲ, ದಕ್ಷಿಣ ಭಾರತದಲ್ಲಿ ಅದುವರೆಗೆ ಆ ಕಾಯಿಲೆ ಬಂದೇ ಇರಲಿಲ್ಲವಲ್ಲ. ಹತ್ತು ಹನ್ನೆರಡು ದಿನ ಆದ್ಮೇಲೆ ಅದೇ ಮನೆಯ ಇನ್ನೊಬ್ಬ ಮಗ ಅದೇ ಲಕ್ಷಣ ಇಟ್ಕೊಂಡು ಕೋಝಿಕ್ಕೋಡ್‌ನ ಆಸ್ಪತ್ರೆಗೆ ಬಂದಾಗ ಅಲ್ಲಿನ ಡಾಕ್ಟರುಗಳಿಗೆ ಅನುಮಾನ ಬಂತು, ಒಂದೇ ಮನೇಲಿ ಇಬ್ಬರಿಗೆ ಹಿಂಗಾಗ್ಬೇಕಾದ್ರೆ ಏನೋ ಬೇರೆ ಇದೆ ಅಂತ. ಸ್ಯಾಂಪಲ್ ಹೋಗಿದ್ದು ನಮ್ಮ ಮಣಿಪಾಲಕ್ಕೆ, ಅಲ್ಲಿನ ವೈರಸ್ ಸಂಶೋಧನಾ ಕೇಂದ್ರಕ್ಕೆ. ಡಾ. ಜಿ. ಅರುಣ್‌ಕುಮಾರ್ ಅವರ ತಂಡ ನಿಪಾ ಅಂತ ಗುರುತಿಸ್ತು. ಆಮೇಲೆ ಪುಣೆಯ ರಾಷ್ಟ್ರೀಯ ವೈರಾಣು ಸಂಸ್ಥೆ ಮೇ 20ಕ್ಕೆ ಖಚಿತ ಮಾಡ್ತು.

ಎರಡೆರಡು ಕಡೆ ಯಾಕೆ ಟೆಸ್ಟ್ ಮಾಡ್ತಾರೆ, ಅಷ್ಟೊತ್ತು ಏನನ್ನ ಮುಚ್ಚಿಡ್ತಿದಾರೆ ಅಂತ ಆವಾಗ ಸುಮಾರು ಜನ ಕೇಳಿದ್ರು. ಮುಚ್ಚಿಡೋಕಲ್ಲ. ಇಂಥ ಅಪಾಯದ ವೈರಸ್ಸನ್ನ ಜೀವಂತವಾಗಿ ಇಟ್ಕೊಂಡು ಕೆಲಸ ಮಾಡೋಕೆ ಅತಿ ಬಿಗಿ ಭದ್ರತೆಯ ಲ್ಯಾಬ್ ಬೇಕು, ಪುಣೆಯಲ್ಲಿ ಅದಿದೆ. ಒಂದು ಇಡೀ ರಾಜ್ಯ ಅಲರ್ಟ್ ಆಗೋ ವಿಷಯಕ್ಕೆ ಎರಡನೇ ಕೈಯಲ್ಲಿ ಪರೀಕ್ಷೆ ಆಗೋದು ಒಳ್ಳೇದೇ.

ಇನ್ನೊಂದು, ವೈರಸ್ ಒಳಗೆ ಹೋದ ತಕ್ಷಣ ಕಾಯಿಲೆ ಕಾಣಲ್ಲ. ಹಾಲಿಗೆ ಹೆಪ್ಪು ಹಾಕಿದ ಮೇಲೆ ಎಷ್ಟೋ ಹೊತ್ತು ಅದು ಹಾಲಿನ ಥರನೇ ಇರುತ್ತೆ, ಬೆಳಗ್ಗೆ ಎದ್ದು ನೋಡಿದ್ರೆ ಮೊಸರು. ನಿಪಾದಲ್ಲಿ ಆ ಹೆಪ್ಪುಗಟ್ಟೋ ಸಮಯ ಸಾಮಾನ್ಯವಾಗಿ 4ರಿಂದ 14 ದಿನ. ಅಂದ್ರೆ ಇವತ್ತು ಕಾಣೋ ಕೇಸು ಹೋದ ವಾರದ ಕಥೆ, ಇವತ್ತು ಅಂಟಿದ್ದು ಕಾಣೋದು ಮುಂದಿನ ವಾರ. ಎಲ್ಲ ಎಚ್ಚರಿಕೆ ತಗೊಂಡ ಮೇಲೂ ಒಂದು ವಾರ ಕೇಸ್ ಜಾಸ್ತಿ ಆಗ್ತಾನೇ ಹೋಗೋದು ಇದಕ್ಕೇ. ಆದ್ರೆ ಹೊರಗಡೆಯಿಂದ ನೋಡೋರಿಗೆ ಏನೂ ಕಂಟ್ರೋಲಿಗೆ ಬರ್ತಿಲ್ಲ ಅನಿಸುತ್ತೆ.

ಸುದ್ದಿಯಲ್ಲಿ ಬರೋ ಮೂರು ಪದ ಕೂಡ ಬೇರೆ ಬೇರೆ. ಲಕ್ಷಣ ಇದೆ, ಟೆಸ್ಟ್ ಆಗಿಲ್ಲ ಅಂದ್ರೆ ಶಂಕಿತ. ಲ್ಯಾಬ್ ಹೌದು ಅಂದ್ರೆ ಖಚಿತ. ಲಕ್ಷಣನೇ ಇಲ್ಲ, ರೋಗಿಯ ಹತ್ರ ಇದ್ರು ಅಷ್ಟೇ ಅಂದ್ರೆ ಸಂಪರ್ಕಿತ. 2018ರಲ್ಲಿ ಸಂಪರ್ಕಿತರ ಪಟ್ಟಿ 2,600 ದಾಟಿತ್ತು, ಲ್ಯಾಬಲ್ಲಿ ಖಚಿತ ಆದೋರು 18 ಜನ. ಮೊದಲನೇ ನಂಬರನ್ನ ಎರಡನೇದರ ಜಾಗದಲ್ಲಿ ಇಟ್ಟು ಫಾರ್ವರ್ಡ್ ಮಾಡಿದ್ರೆ ಏನಾಗುತ್ತೆ ಯೋಚ್ನೆ ಮಾಡಿ. ಬರೀ ಒಂದು ಪದ ಬದಲಾದ್ರೆ ಸಾಕು, ಯಾರೂ ಬೇಕಂತ ಸುಳ್ಳು ಹೇಳ್ಬೇಕಂತಿಲ್ಲ.

ತಿಳಿದೋರೇ ತಪ್ಪಿದಾಗ: ಮಲೇಷ್ಯಾದ ಕಥೆ

ನಿಪಾ ಅನ್ನೋ ಹೆಸರು ಬಂದಿದ್ದು ಮಲೇಷ್ಯಾದ ಸುಂಗೈ ನಿಪಾ ಅನ್ನೋ ಹಳ್ಳಿಯಿಂದ. ಆ ದೇಶದಲ್ಲಿ 1998ರ ಸೆಪ್ಟೆಂಬರ್ ಹೊತ್ತಿಗೆ ಇಪೋ ಊರಿನ ಸುತ್ತಮುತ್ತ ಹಂದಿ ಸಾಕೋರಿಗೆ ಜ್ವರ ಬಂದು ಮೆದುಳಿಗೆ ಏರಿ ಸಾಯೋಕೆ ಶುರುವಾಯ್ತು. ಸರ್ಕಾರ ಇದು ಜಪಾನೀಸ್ ಎನ್ಸೆಫಲೈಟಿಸ್ ಅಂತು, ನಮ್ಮ ಕಡೆ ಮೆದುಳು ಜ್ವರ ಅಂತಾರಲ್ಲ ಅದು. ತಪ್ಪಾಗಿ ಯೋಚಿಸಿದ್ರು ಅಂತ ಹೇಳೋಕಾಗಲ್ಲ, ಹಂದಿ ಇದೆ, ಸೊಳ್ಳೆ ಇದೆ, ಮೆದುಳಿಗೆ ಊತ ಇದೆ, ಎಲ್ಲ ಹೊಂದಿಕೊಳ್ತಿತ್ತು, ಮೊದಲ ಕೆಲವು ರಿಪೋರ್ಟ್ ಕೂಡ ಅದೇ ಕಡೆಗೆ ಕೈ ತೋರಿಸ್ತಿತ್ತು. ಸೊಳ್ಳೆಗೆ ಹೊಗೆ ಹಾಕಿದ್ರು, ಲಸಿಕೆ ಕೊಟ್ರು. ಆದ್ರೂ ಸಾವು ನಿಲ್ಲಲಿಲ್ಲ.

ಆದ್ರೆ ಊರಿನೋರ ಕಣ್ಣಿಗೇ ಕೆಲವು ವಿಷಯ ಬಿದ್ದಿತ್ತು. ಸೊಳ್ಳೆ ಕಾರಣ ಆಗಿದ್ರೆ ಮಕ್ಕಳಿಗೆ ಜಾಸ್ತಿ ಬರ್ಬೇಕಿತ್ತು, ಬರ್ತಿದ್ದಿದ್ದು ದುಡಿಯೋ ಗಂಡಸರಿಗೆ. ಸೊಳ್ಳೆ ಮನೆ ನೋಡಿ ಕಚ್ಚಲ್ಲ, ಆದ್ರೆ ಹಂದಿ ಮುಟ್ಟದ ಪಕ್ಕದ ಮುಸ್ಲಿಂ ಮನೆಗಳಿಗೆ ಕಾಯಿಲೆ ಹೋಗ್ತಿರಲಿಲ್ಲ. ಲಸಿಕೆ ಹಾಕಿಸ್ಕೊಂಡೋರೂ ಕಾಯಿಲೆ ಬೀಳ್ತಿದ್ರು. ಹಂದಿಗಳೂ ಕೆಮ್ಮಿ ಕೆಮ್ಮಿ ಸಾಯ್ತಿದ್ವು. ಕೊನೆಗೆ 1999ರ ಮಾರ್ಚ್‌ನಲ್ಲಿ ಚುವಾ ಕಾವ್ ಬಿಂಗ್ ಅನ್ನೋ ವಿಜ್ಞಾನಿ ಇದು ಬೇರೆನೇ ವೈರಸ್ ಅಂತ ಕಂಡುಹಿಡಿದ್ರು. ಹಂದಿ ದೊಡ್ಡಿಯ ಪಕ್ಕ ಹಣ್ಣಿನ ಮರ, ಮರಕ್ಕೆ ಬರೋ ಬಾವಲಿ, ಅದು ತಿಂದು ಬೀಳಿಸಿದ ಹಣ್ಣು ತಿನ್ನೋ ಹಂದಿ, ಹಂದಿಯಿಂದ ಮನುಷ್ಯ, ಈ ದಾರಿ ಆಮೇಲೆ ಸ್ಪಷ್ಟವಾಯ್ತು.

ಈ ನಡುವೆ ಭಯ ಮಾಡಿದ ಕೆಲಸ ಇನ್ನೊಂದು. ಹಂದಿ ಸಾಯ್ತಿದಾವೆ ಅಂತ ಗೊತ್ತಾದ ಕೂಡ್ಲೇ ಎಷ್ಟೋ ಜನ ಉಳಿದ ಹಂದಿಗಳನ್ನ ಸಿಕ್ಕಿದ ರೇಟಿಗೆ ಮಾರಿಬಿಟ್ರು. ಆ ಹಂದಿಗಳ ಜೊತೆ ವೈರಸ್ಸೂ ಲಾರಿ ಹತ್ತಿ ದಕ್ಷಿಣದ ನೆಗ್ರಿ ಸೆಂಬಿಲಾನ್‌ಗೆ ಹೋಯ್ತು, ಅಲ್ಲಿ ಇನ್ನೂ ದೊಡ್ಡದಾಗಿ ಹಬ್ಬಿತು. ಸಿಂಗಾಪುರದ ಕಸಾಯಿಖಾನೆಗೂ ತಲುಪ್ತು. ಮಲೇಷ್ಯಾ ಒಂದರಲ್ಲೇ 265 ಜನರಿಗೆ ಕಾಯಿಲೆ, 105 ಸಾವು, ಕೊಂದ ಹಂದಿ 10 ಲಕ್ಷದ ಮೇಲೆ.

ಪ್ರಾಮಾಣಿಕವಾಗಿ ಕೆಲಸ ಮಾಡೋರು ಕೂಡ ಮೊದಮೊದಲು ತಪ್ಪಬಹುದು ಅನ್ನೋದಕ್ಕೆ ಇದನ್ನ ಇಷ್ಟುದ್ದ ಬರ್ದೆ. ಆದ್ರೆ ಅವರು ತಪ್ಪೋದಕ್ಕೂ ಫಾರ್ವರ್ಡ್ ಮೆಸೇಜ್ ತಪ್ಪೋದಕ್ಕೂ ಒಂದು ವ್ಯತ್ಯಾಸ ಇದೆ. ಅವರ ಮಾತು ಯಾರು ಬೇಕಾದ್ರೂ ಪರೀಕ್ಷೆ ಮಾಡೋ ಹಾಗೆ ಇರುತ್ತೆ, ಹೊಂದಿಕೊಳ್ಳದ ವಿಷಯ ಸಿಕ್ಕಾಗ ಬದಲಾಗುತ್ತೆ. ಫಾರ್ವರ್ಡಿಗೆ ತಿದ್ದುಪಡಿ ಅನ್ನೋದೇ ಇಲ್ಲ, ನಮ್ಮತ್ತೆಗೆ ಬಂದ ಹಣ್ಣಿನ ಮೆಸೇಜು 2023ರಲ್ಲಿ ಒಂದಕ್ಷರ ಬದಲಾಗ್ದೆ ನನಗೇ ಮತ್ತೆ ಬಂತು.

ಬಾವಿಯ ಬಾವಲಿ

ಪೇರಾಂಬ್ರದ ಆ ಮನೆಯೋರ ಬಾವಿಯಲ್ಲಿ ಬಾವಲಿಗಳಿದ್ವು. ಅವುಗಳ ಸ್ಯಾಂಪಲ್ ತಗೊಂಡು ಭೋಪಾಲದ ಲ್ಯಾಬಿಗೆ ಕಳಿಸಿದ್ರು, ಮೇ ಕೊನೆಯಲ್ಲಿ ರಿಪೋರ್ಟ್ ನೆಗೆಟಿವ್ ಬಂತು. ತಕ್ಷಣ ಬಾವಲಿ ಕಾರಣ ಅಲ್ಲವಂತೆ ಅನ್ನೋ ಸುದ್ದಿ ಎಲ್ಲಾ ಕಡೆ. ಹಾಗಾದ್ರೆ ಯಾರು, ಏನು, ಯಾವ ದೇಶದವರು ಬಿಟ್ಟಿದ್ದು, ಯಾವ ಔಷಧಿ ಕಂಪನಿದು ಅಂತ ಕಥೆಗಳು ಬೆಳೆದಿದ್ದೇ ಆ ಎರಡು ಮೂರು ದಿನದಲ್ಲಿ.

ನಿಜ ಏನಂದ್ರೆ ಬಾವಿಯಲ್ಲಿ ಸಿಕ್ಕಿದ್ದು ಹುಳ ತಿನ್ನೋ ಚಿಕ್ಕ ಬಾವಲಿ, ನಿಪಾ ಇರೋದು ಹಣ್ಣು ತಿನ್ನೋ ದೊಡ್ಡ ಬಾವಲಿಯಲ್ಲಿ. ಆಮೇಲೆ ಅದೇ ಪ್ರದೇಶದ ಹಣ್ಣಿನ ಬಾವಲಿಗಳನ್ನ ಹಿಡಿದು ಪರೀಕ್ಷೆ ಮಾಡಿದಾಗ ಕೆಲವಕ್ಕೆ ಪಾಸಿಟಿವ್ ಬಂತು. ನಾವು ಬಾವಲಿ ಅಂತ ಒಂದೇ ಹೆಸರಲ್ಲಿ ಕರೆಯೋದು ನೂರಾರು ಜಾತಿನ. ಆ ರಿಪೋರ್ಟ್ ಹೇಳಿದ್ದು ಈ ಸ್ಯಾಂಪಲ್ಲಲ್ಲಿ ಇಲ್ಲ ಅಂತ ಅಷ್ಟೇ. ನಾವು ಕೇಳಿಸ್ಕೊಂಡಿದ್ದು ಎಲ್ಲೂ ಇಲ್ಲ ಅಂತ. ಮನೇಲಿ ಒಂದು ಕಪಾಟಲ್ಲಿ ಹುಡುಕಿ ಬೀಗದ ಕೈ ಸಿಗಲಿಲ್ಲ ಅಂದ್ರೆ ಮನೇಲೇ ಇಲ್ಲ ಅಂತ ಆಗಲ್ವಲ್ಲ.

ಇದರ ಇನ್ನೊಂದು ತುದಿ, ಬಾವಲಿ ಇರೋ ಮರಗಳನ್ನೇ ಕಡಿಯೋಣ, ಪಟಾಕಿ ಹಚ್ಚಿ ಓಡಿಸೋಣ ಅನ್ನೋದು. ಇದು ಕೆಟ್ಟ ಐಡಿಯಾ. ಗಾಬರಿಯಾದ ಬಾವಲಿ ಊರೆಲ್ಲ ಚದುರುತ್ತೆ, ಒತ್ತಡಕ್ಕೆ ಬಿದ್ದಾಗ ಅದರ ಮೈಯಿಂದ ವೈರಸ್ ಹೊರಗೆ ಬರೋದು ಜಾಸ್ತಿ ಆಗಬಹುದು ಅಂತ ತಜ್ಞರು ಎಚ್ಚರಿಸ್ತಾರೆ. ಬೀಜ ಹರಡೋಕೆ, ರಾತ್ರಿ ಅರಳೋ ಹೂವಿನ ಪರಾಗಸ್ಪರ್ಶಕ್ಕೆ ಇವು ಬೇಕೇ ಬೇಕು.

ಮಧ್ಯದಲ್ಲಿ ಕೋಳಿ ಹೇಗೆ ಬಂತು

ನಿಪಾಗೂ ಕೋಳಿಗೂ ಸಂಬಂಧ ಇಲ್ಲ. ಆದ್ರೂ ಕೋಝಿಕ್ಕೋಡ್‌ನ ವೈದ್ಯಾಧಿಕಾರಿ ಹೆಸರಲ್ಲಿ ಕೋಳಿ ತಿನ್ಬೇಡಿ ಅನ್ನೋ ನಕಲಿ ನೋಟಿಸ್ ಓಡಾಡ್ತು. ಜನ ದಡ್ಡರು ಅಂತ ನಂಬಿದ್ದಲ್ಲ, ನಂಬೋಕೆ ಕಾರಣಗಳಿದ್ವು.

ಒಂದು, ಆ ನೋಟಿಸಿಗೆ ಸರ್ಕಾರಿ ಕಾಗದದ ಮುಖ ಇತ್ತು. ಹೆದರಿದೋರು ಮೊದಲು ನೋಡೋದು ಯಾರು ಹೇಳಿದ್ರು ಅನ್ನೋದನ್ನ, ಏನು ಹೇಳಿದ್ರು ಅನ್ನೋದನ್ನ ಆಮೇಲೆ. ಇನ್ನೊಂದು, ಹಕ್ಕಿಜ್ವರದ ನೆನಪು. ಕೇರಳದಲ್ಲಿ 2014ರಲ್ಲಿ, 2016ರಲ್ಲಿ ಹಕ್ಕಿಜ್ವರ ಬಂದು ಬಾತುಕೋಳಿಗಳನ್ನ ರಾಶಿ ರಾಶಿ ಕೊಂದಿದ್ರು. ಹೊಸ ಭಯಕ್ಕೆ ಮನಸ್ಸು ಹಳೇ ಭಯದ ಅಂಗಿ ಹುಡುಕುತ್ತೆ, ಅಳತೆ ಸರಿ ಇಲ್ಲದಿದ್ರೂ ತೊಡಿಸುತ್ತೆ. ಎಲ್ಲಕ್ಕಿಂತ ಮುಖ್ಯ ಅಂತ ನನಗನ್ಸೋದು, ಆ ಮೆಸೇಜ್ ಮಾಡೋಕೆ ಒಂದು ಕೆಲಸ ಕೊಡ್ತಿತ್ತು. ಲಸಿಕೆ ಇಲ್ಲ, ಔಷಧಿ ಇಲ್ಲ, ಮನೇಲಿ ಚಿಕ್ಕ ಮಕ್ಕಳಿದಾರೆ, ಏನು ಮಾಡ್ಲಿ ಅಂತ ಒಬ್ಬ ತಾಯಿ ಒದ್ದಾಡ್ತಿದ್ರೆ ಕೋಳಿ ಬಿಡು ಅನ್ನೋದು ಕೈಗೆ ಸಿಗೋ ಕೆಲಸ. ಬಿಟ್ರೆ ನಷ್ಟ ಏನಿಲ್ಲ, ನಾಲ್ಕು ಜನಕ್ಕೆ ಹೇಳಿದ್ರೆ ಪುಣ್ಯ ಅನಿಸುತ್ತೆ. ನಷ್ಟ ಕೋಳಿ ಸಾಕೋನಿಗೆ, ಅವನು ನಮ್ಮ ಕಣ್ಣೆದುರಿಗಿಲ್ಲ. ಹಣ್ಣಿನೋರಿಗಂತೂ ಆ ವರ್ಷ ರಂಜಾನ್ ಉಪವಾಸ ಶುರುವಾಗೋದಕ್ಕೂ ನಿಪಾ ಸುದ್ದಿ ಬರೋದಕ್ಕೂ ಒಂದೇ ಆಯ್ತು, ವರ್ಷದಲ್ಲಿ ಹಣ್ಣು ಚೆನ್ನಾಗಿ ಹೋಗೋ ತಿಂಗಳದು. ಯುಎಇ ಕೂಡ ಕೇರಳದ ಹಣ್ಣು ತರಕಾರಿನ ಸ್ವಲ್ಪ ದಿನ ನಿಲ್ಲಿಸ್ತು.

ಉಲ್ಟಾ ದಿಕ್ಕಿನ ಸುಳ್ಳೂ ಇತ್ತು. ವೈದ್ಯ ಅಂತ ಹೇಳ್ಕೊಳ್ಳೋ ಒಬ್ಬರು ಬಾವಲಿ ಕಚ್ಚಿದ ಹಣ್ಣು ಅಂತ ಹೇಳಿ ಕ್ಯಾಮೆರಾ ಮುಂದೆ ತಿಂದು, ನೋಡಿ ನನಗೇನೂ ಆಗಲಿಲ್ಲ, ಇದೆಲ್ಲ ಬರೀ ಹೆದರಿಸೋದು ಅಂದ್ರು. ಎಲ್ಲಾ ಬಾವಲಿಯಲ್ಲೂ ವೈರಸ್ ಇರಲ್ಲ, ಇರೋದೂ ಎಲ್ಲಾ ದಿನ ಹೊರಗೆ ಹಾಕಲ್ಲ. ಹೆಲ್ಮೆಟ್ ಇಲ್ದೆ ಒಂದಿನ ಬೈಕಲ್ಲಿ ಹೋಗಿ ಕ್ಷೇಮವಾಗಿ ಮನೆ ಸೇರಿದ್ರೆ ಹೆಲ್ಮೆಟ್ ಬೇಡ ಅಂತ ಸಾಬೀತಾಗುತ್ತಾ?

ನೂರಕ್ಕೆ ಎಷ್ಟು ಜನ ಸಾಯ್ತಾರೆ ಅನ್ನೋ ಲೆಕ್ಕ

2018ರಲ್ಲಿ ಖಚಿತವಾದ 18 ಜನರಲ್ಲಿ 16 ಜನ ತೀರಿಕೊಂಡ್ರು, ನೂರಕ್ಕೆ ಸುಮಾರು 89. 2023ರಲ್ಲಿ ಅದೇ ಕೋಝಿಕ್ಕೋಡ್‌ನಲ್ಲಿ 6 ಕೇಸ್, 2 ಸಾವು, ನೂರಕ್ಕೆ 33. ವಿಶ್ವ ಆರೋಗ್ಯ ಸಂಸ್ಥೆ ಕೊಡೋ ಅಂದಾಜು 40ರಿಂದ 75. ಹಿಂಗೆ ಬದಲಾಗೋದಕ್ಕೆ ಒಂದು ಕಾರಣ ಕೇಸುಗಳ ಸಂಖ್ಯೆನೇ ಕಡಿಮೆ, ಒಬ್ಬರು ಬದುಕಿದ್ರೂ ಶೇಕಡಾ ಎಲ್ಲಿಂದೆಲ್ಲಿಗೋ ಹೋಗುತ್ತೆ. ಇನ್ನೊಂದು, ಕಾಯಿಲೆ ಗೊತ್ತಾಗೋ ಮೊದಲು ಟೆಸ್ಟ್ ತಲುಪೋದು ತುಂಬಾ ಸೀರಿಯಸ್ ಆದೋರನ್ನ. ಸ್ವಲ್ಪ ಜ್ವರ ಬಂದು ವಾಸಿಯಾದೋರನ್ನ ಯಾರೂ ಹುಡುಕಿರಲ್ಲ. ಫೇಲಾದ ಮಕ್ಕಳ ಪೇಪರ್ ಮಾತ್ರ ಕೈಲಿಟ್ಕೊಂಡು ಇಡೀ ಸ್ಕೂಲಿನ ರಿಸಲ್ಟ್ ಹೇಳಿದ ಹಾಗೆ ಆಗುತ್ತೆ. ಅಲರ್ಟ್ ಆದ್ಮೇಲೆ ಬೇಗ ಹಿಡೀತಾರೆ, ಬೇಗ ಐಸಿಯುಗೆ ತರ್ತಾರೆ. 2023ರಲ್ಲಿ ಒಂಬತ್ತು ವರ್ಷದ ಹುಡುಗ ವೆಂಟಿಲೇಟರ್‌ವರೆಗೂ ಹೋಗಿ ಬದುಕಿ ಬಂದ.

ಎಷ್ಟು ಕೊಲ್ಲುತ್ತೆ ಅನ್ನೋದೂ ಎಷ್ಟು ಹರಡುತ್ತೆ ಅನ್ನೋದೂ ಬೇರೆ ಬೇರೆ, ಇದನ್ನ ದಯವಿಟ್ಟು ನೆನಪಿಟ್ಕೊಳ್ಳಿ. ದಡಾರ ಬಂದ ಒಬ್ಬ, ಸುತ್ತ ಇರೋ ಯಾರಿಗೂ ಲಸಿಕೆ ಆಗಿಲ್ಲ ಅಂದ್ರೆ, 12ರಿಂದ 18 ಜನಕ್ಕೆ ಅಂಟಿಸಬಹುದು. ನಿಪಾ ಬಂದೋರು ಸರಾಸರಿ ನೋಡಿದ್ರೆ ಒಬ್ಬರಿಗೂ ಪೂರ್ತಿ ಅಂಟಿಸಲ್ಲ, ಹೆಚ್ಚಿನವರಿಂದ ಯಾರಿಗೂ ಹೋಗಲ್ಲ, ಕೆಲವೇ ಕೆಲವರಿಂದ ಹಲವರಿಗೆ ಹೋಗುತ್ತೆ. ಕೆಂಡ ಇದ್ದ ಹಾಗೆ, ಮುಟ್ಟಿದ ಕೈ ಸುಡುತ್ತೆ, ಆದ್ರೆ ಗಾಳಿಗೆ ಹಾರಿ ಊರು ಸುಡಲ್ಲ.

ಕೆಂಡ ಮುಟ್ಟಿದೋರು ಯಾರು

ರೋಗಿನ ನೋಡ್ಕೊಂಡೋರು, ಹತ್ರ ಇದ್ದೋರು. 2018ರಲ್ಲಿ ಹೆಚ್ಚಿನವರಿಗೆ ಅಂಟಿದ್ದು ಆಸ್ಪತ್ರೆಗಳಲ್ಲಿ, ಮೊದಲ ರೋಗಿ ಯಾವ ಕಾಯಿಲೆಯೋರು ಅಂತ ಯಾರಿಗೂ ಗೊತ್ತಿಲ್ಲದ ಹೊತ್ತಲ್ಲಿ, ಅವರ ಪಕ್ಕದ ಬೆಡ್ಡಲ್ಲಿದ್ದೋರಿಗೆ, ಸ್ಕ್ಯಾನಿಂಗಿಗೆ ಕಾರಿಡಾರಲ್ಲಿ ಕಾಯ್ತಿದ್ದೋರಿಗೆ. ಪೇರಾಂಬ್ರ ತಾಲೂಕು ಆಸ್ಪತ್ರೆಯ ನರ್ಸ್ ಲಿನಿ ಆ ರೋಗಿಯ ಆರೈಕೆ ಮಾಡಿದೋರು, ಮೇ 21ಕ್ಕೆ ತೀರಿಕೊಂಡ್ರು. ಇಬ್ಬರು ಪುಟ್ಟ ಮಕ್ಕಳಿದ್ರು. ಸೋಂಕಿನ ಕಾರಣಕ್ಕೆ ಮನೆಯವರಿಗೆ ದೇಹ ಕೊಡದೆ ಆಸ್ಪತ್ರೆ ಕಡೆಯವರೇ ಸಂಸ್ಕಾರ ಮಾಡಿದ್ರು. 2001ರಲ್ಲಿ ಪಶ್ಚಿಮ ಬಂಗಾಳದ ಸಿಲಿಗುರಿಯಲ್ಲೂ ಹೀಗೇ ಆಗಿತ್ತು, 66 ಜನರಿಗೆ ಬಂದು 45 ಜನ ಸತ್ರು, ಅದರಲ್ಲಿ ಆಸ್ಪತ್ರೆ ಸಿಬ್ಬಂದಿ ಸುಮಾರು ಜನ ಇದ್ರು, ಅದು ನಿಪಾ ಅಂತ ಗೊತ್ತಾಗೋಕೇ ವರ್ಷಗಳು ಹಿಡೀತು.

ಲಿನಿ ಹೋದ ಮೇಲೆ ಅದೇ ಆಸ್ಪತ್ರೆಯ ಬೇರೆ ನರ್ಸುಗಳನ್ನ ಬಸ್ಸಲ್ಲಿ ಪಕ್ಕ ಕೂರಿಸ್ಕೊಳ್ಳೋಕೆ ಜನ ಹಿಂದೆಮುಂದೆ ನೋಡಿದ್ರು, ಆಟೋದೋರು ಹತ್ತಿಸಲಿಲ್ಲ. ಇದನ್ನ ಓದಿದಾಗ ನನಗೆ ಈಗ್ಲೂ ಸಂಕಟ ಆಗುತ್ತೆ. ಸಂಕಟದ ವಿಷಯ ಒಂದು ಕಡೆ ಇರ್ಲಿ, ಇದರಿಂದ ಕಾಯಿಲೆ ತಡೆಯೋ ಕೆಲಸಕ್ಕೇ ಏಟು ಬೀಳುತ್ತೆ. ಹೇಗೆ ಅಂದ್ರೆ, ನಿಪಾ ನಿಲ್ಲಿಸೋಕೆ ಸದ್ಯಕ್ಕೆ ಇರೋ ದೊಡ್ಡ ಅಸ್ತ್ರ ಸಂಪರ್ಕಿತರ ಪಟ್ಟಿ. ಮದುವೆ ಮನೇಲಿ ಸರ ಕಳೆದುಹೋದ್ರೆ ಆ ರೂಮಿಗೆ ಯಾರ್ಯಾರು ಬಂದಿದ್ರು, ಎಷ್ಟೊತ್ತಿಗೆ, ಯಾರ ಜೊತೆ ಅಂತ ಕೂತು ನೆನಪು ಮಾಡ್ಕೊಳ್ತೀವಲ್ಲ, ಹಾಗೆ ರೋಗಿಯ ಒಂದೊಂದು ದಿನವನ್ನೂ ಬಿಡಿಸಿ ಬರೀತಾರೆ. ಇಲ್ಲಿ ಯಾರೂ ಕಳ್ಳರಲ್ಲ ಅನ್ನೋದೊಂದೇ ವ್ಯತ್ಯಾಸ. ಆದ್ರೆ ಹೆಸರು ಹೊರಗೆ ಬಂದ್ರೆ ಬೀದಿಯೋರು ನಮ್ಮನೇಗೆ ಹಾಲು ಹಾಕಲ್ಲ, ಮಗಳನ್ನ ಸ್ಕೂಲಿಗೆ ಸೇರಿಸ್ಕೊಳ್ಳಲ್ಲ ಅಂತ ಹೆದರಿಕೆ ಇದ್ದೋರು ಯಾಕೆ ನಿಜ ಹೇಳ್ತಾರೆ? ಜ್ವರ ಬಂದ್ರೂ ಮಾತ್ರೆ ನುಂಗಿ ಮನೇಲೇ ಇರ್ತಾರೆ. ಪಟ್ಟಿಯಲ್ಲಿ ಒಂದು ಹೆಸರು ತಪ್ಪಿದ್ರೆ ಮುಂದಿನ ಹತ್ತು ಹೆಸರು ತಪ್ಪುತ್ತೆ.

ಹಾಗಾದ್ರೆ ಹಣ್ಣು ತಿನ್ಬೋದಾ

ತಿನ್ಬೋದು. ಚೆನ್ನಾಗಿ ತೊಳೆದು, ಸಿಪ್ಪೆ ತೆಗೆದು ತಿನ್ನಿ. ಹಲ್ಲಿನ ಗುರುತು, ಕಚ್ಚಿದ ಗಾಯ ಇದ್ರೆ ಆ ಭಾಗ ಕತ್ತರಿಸಿ ಉಳಿದಿದ್ದು ತಿನ್ನೋದು ಬೇಡ, ಹಣ್ಣನ್ನೇ ಬಿಡಿ. ಮರದ ಕೆಳಗೆ ಬಿದ್ದಿದ್ದನ್ನ ಮಕ್ಕಳು ಹಾಗೇ ಬಾಯಿಗೆ ಹಾಕದ ಹಾಗೆ ನೋಡ್ಕೊಳ್ಳಿ. ಕರಾವಳಿ, ಮಲೆನಾಡಿನ ಕಡೆ ಬಾವಲಿ ಚೀಪಿ ಬೀಳಿಸಿದ ಅಡಿಕೆ ಹೆಕ್ಕೋ ಅಭ್ಯಾಸ ಇದೆ, ನಮ್ಮತ್ತೆಯೂ ಹೆಕ್ತಾರೆ. ಹತ್ತಿರದಲ್ಲಿ ಕೇಸ್ ಬಂದ ಸಮಯದಲ್ಲಿ ಕೈಗೆ ಗ್ಲೌಸ್ ಹಾಕ್ಕೊಳ್ಳಿ, ಆಮೇಲೆ ಸೋಪಲ್ಲಿ ಕೈ ತೊಳೀರಿ. ಬೇಯಿಸಿದ ಕೋಳಿಯಿಂದ ನಿಪಾ ಬರಲ್ಲ.

ಜ್ವರ ಬಂದೋರೆಲ್ಲ ನಿಪಾ ಅಂದ್ಕೊಳ್ಳೋದು ಬೇಡ, ಮಳೆ ಶುರುವಾಗೋ ಹೊತ್ತಲ್ಲಿ ಡೆಂಗ್ಯೂ, ಇಲಿಜ್ವರ, ಸಾಮಾನ್ಯ ಫ್ಲೂ ಇವೇ ಜಾಸ್ತಿ. ಡಾಕ್ಟರು ಮೊದಲು ಕೇಳೋದು ಎಲ್ಲಿಗೆ ಹೋಗಿದ್ರಿ, ಯಾರ ಹತ್ರ ಇದ್ರಿ ಅಂತ. ಕೇಸ್ ಬಂದ ಊರಿಗೆ ಹೋಗಿದ್ರೆ ಅದನ್ನ ಬಾಯಿಬಿಟ್ಟು ಹೇಳಿ. ಅನುಮಾನ ಇದ್ರೆ ಕರ್ನಾಟಕದಲ್ಲಿ 104ಕ್ಕೆ, ಕೇರಳದಲ್ಲಿ ದಿಶಾ ಸಹಾಯವಾಣಿ 1056ಕ್ಕೆ ಫೋನ್ ಮಾಡಿ ಕೇಳಬಹುದು.

ಮೆಸೇಜ್ ಬಂದಾಗ ಮೂರು ವಿಷಯ ಹುಡುಕಿ: ತಾರೀಕು ಇದ್ಯಾ, ಶಂಕಿತನಾ ಖಚಿತನಾ, ಇಲಾಖೆ ಅದೇ ದಿನ ಸಂಜೆ ಕೊಟ್ಟ ಬುಲೆಟಿನ್‌ನಲ್ಲಿ ಇದು ಇದ್ಯಾ. 2018ರಲ್ಲಿ ಆರೋಗ್ಯ ಸಚಿವೆ ಕೆ.ಕೆ. ಶೈಲಜಾ ಕೋಝಿಕ್ಕೋಡ್‌ನಲ್ಲೇ ಕೂತು, ಎಷ್ಟು ಟೆಸ್ಟ್, ಎಷ್ಟು ನೆಗೆಟಿವ್ ಅಂತ ದಿನದಿನದ ಲೆಕ್ಕ ಜನರಿಗೆ ಸಿಗೋ ಹಾಗೆ ಮಾಡಿದ್ದು ತುಂಬಾ ಉಪಯೋಗ ಆಯ್ತು. ಇನ್ನೂ ಗೊತ್ತಿಲ್ಲ ಅನ್ನೋ ಉತ್ತರ ಕೂಡ ಒಂದು ಉತ್ತರನೇ. ಏನೂ ಹೇಳದೆ ಇದ್ರೆ ಆ ಖಾಲಿ ಜಾಗದಲ್ಲಿ ಯಾರೋ ಕೋಳಿ ತಂದು ಕೂರಿಸ್ತಾರೆ.

ಮುಗೀತು ಅಂತ ಯಾವಾಗ ಹೇಳ್ತಾರೆ

ಕೊನೆ ಕೇಸ್ ಆದ ಮರುದಿನ ಅಲ್ಲ. ಹೆಪ್ಪಿನ ಲೆಕ್ಕ ಹೇಳಿದ್ನಲ್ಲ, ಆ ಅವಧಿನ ಧಾರಾಳವಾಗಿ 21 ದಿನ ಅಂತ ಇಟ್ಕೊಂಡು ಅದರ ಎರಡರಷ್ಟು, 42 ದಿನ, ಹೊಸ ಕೇಸ್ ಇಲ್ದೆ ಕಳೀಬೇಕು. ಒಂದು ಸುತ್ತು ಯಾರಾದ್ರೂ ಕಣ್ತಪ್ಪಿ ಹೋಗಿದ್ರೂ ಎರಡನೇ ಸುತ್ತಲ್ಲಿ ಕಾಣಿಸ್ಕೊಳ್ಳಲಿ ಅಂತ. 2023ರಲ್ಲಿ ಕೊನೆ ಕೇಸ್ ಖಚಿತವಾಗಿದ್ದು ಸೆಪ್ಟೆಂಬರ್ 15ಕ್ಕೆ, ಕೇರಳ ಅಕ್ಟೋಬರ್ ಕೊನೆ ವಾರದವರೆಗೂ ಕಾಯ್ತು. ಅಷ್ಟೊತ್ತಿಗೆ ಟಿವಿಯಲ್ಲಿ ನಿಪಾ ಸುದ್ದಿ ನಿಂತು ಎಷ್ಟೋ ದಿನ ಆಗಿತ್ತು, ಆದ್ರೆ ಆಶಾ ಕಾರ್ಯಕರ್ತೆಯರು, ಫೀಲ್ಡ್ ಸಿಬ್ಬಂದಿ ಪಟ್ಟಿ ಹಿಡ್ಕೊಂಡು ಜ್ವರ ಇದ್ಯಾ ಅಂತ ಕೇಳೋದನ್ನ ಆ ಕೊನೆ ದಿನದವರೆಗೂ ನಿಲ್ಲಿಸಿರಲಿಲ್ಲ.